ಅಮಸಿದ್ದಪ್ಪನ ಏಳು ತಿಂಗಳ ಸೇವೆ

ಇಪ್ಪತ್ತಾರು ವರ್ಷ ಇಳಕಲ್ ರಸ್ತೆಗೆ ಖಡಿ ಹಾಕಿ, ಡಾಂಬರು ಕಾಸಿ, ಗುಂಡಿ ಮುಚ್ಚಿದ ಅಮಸಿದ್ದಪ್ಪನ ಸೇವೆ ಬರೀ ಏಳು ತಿಂಗಳು ಎಂದು ಮೇಲಿನ ಕಚೇರಿ ಬರೆದು ಕಳಿಸಿತು. ಇದು 1978ರ ಮಾತು. ಆ ಕಾಗದ ಓದಿ ನನ್ನ ಮೈ ಉರಿದುಹೋಯಿತು. ಬರೆದವರ ಮೇಲೆ ಸಿಟ್ಟು ಬಂತು. ಆ ಲೆಕ್ಕಕ್ಕೆ ಆಧಾರವೆಂದು ಅವರು ನನ್ನ ಅಕ್ಷರವನ್ನೇ ತೋರಿಸಿದ್ದು ಕಂಡು ಇನ್ನೂ ಹೆಚ್ಚು ಬಂತು. ನಾನು ದತ್ತಾತ್ರೇಯ, ಹುನಗುಂದದ ರಸ್ತೆ ಕಚೇರಿಯ ಕಾರಕೂನ. ರಸ್ತೆಯಾಳುಗಳ ಹಾಜರಿ ಹಿಡಿಯುವುದು ನನ್ನ ಕೆಲಸವಾಗಿತ್ತು.

ಅಮಸಿದ್ದಪ್ಪ ಬೀರಪ್ಪ ದೇವರ ಒಕ್ಕಲು. ವರ್ಷಕ್ಕೊಮ್ಮೆ ದೇವರ ಪಲ್ಲಕ್ಕಿ ಹೊಳೆಸ್ನಾನಕ್ಕೆಂದು ಕೂಡಲಸಂಗಮಕ್ಕೆ ಹೋಗುವಾಗ ಮುಂದಿನ ಹೆಗಲು ಅವನ ಮನೆತನದ ಹಿರಿಯನದೇ. ಹೋಗಿಬರಲು ಎರಡು ದಿನ. ಆ ಎರಡು ದಿನ ಅವನ ತಮ್ಮ ಬಂಡೆಪ್ಪ ಬುಟ್ಟಿ, ಸಲಿಕೆ ಹಿಡಿದು ರಸ್ತೆಗೆ ಬರುತ್ತಿದ್ದ. ಮೊದಲ ವರ್ಷ ನಾನು ಕೇಳಿದ್ದೆ.

“ನಿಮ್ಮಣ್ಣ ಎಲ್ಲೋ?”

“ಪಲ್ಲಕ್ಕಿ ಕೆಳಗ ಅದಾನ್ರಿ. ರಸ್ತಾ ಖಾಲಿ ಬಿಡಬಾರದಂತ ನನ್ನ ಕಳಿಸ್ಯಾನ್ರಿ.”

ಒಂದೇ ಒಲೆಯಲ್ಲಿ ಉಣ್ಣುವ ಅಣ್ಣತಮ್ಮಂದಿರು. ಯಾರು ದುಡಿದರೂ ಮನೆಯ ದುಡಿಮೆಯೇ ಎಂದು ನಂಬಿದವರು. ನಮ್ಮ ಸಾಹೇಬರೂ “ಗುಂಡಿ ಮುಚ್ಚಿದರ ಆತು, ಬಿಡ್ರಿ” ಎಂದರು. ನಾನು ಬಂಡೆಪ್ಪನ ಹೆಬ್ಬೆಟ್ಟು ಒತ್ತಿಸಿಕೊಂಡು, ಪಕ್ಕದಲ್ಲಿ ಕೆಂಪು ಶಾಯಿಯಿಂದ ‘ಬದಲಿಗೆ ತಮ್ಮ’ ಎಂದು ಬರೆದೆ. ಪ್ರತಿವರ್ಷ ಹೀಗೇ ಬರೆದೆ. ಭಾರೀ ಪ್ರಾಮಾಣಿಕ ನಾನು!

ನಿವೃತ್ತಿಯ ಕಾಗದಗಳು ಮೇಲೆ ಹೋದಾಗ ಆ ಕೆಂಪಕ್ಷರ ಯಾವನೋ ಪುಣ್ಯಾತ್ಮನ ಕಣ್ಣಿಗೆ ಬಿತ್ತು. ಬದಲಿಯವನು ಬಂದಿದ್ದಾನೆಂದರೆ ಇವನು ಗೈರುಹಾಜರು. ಅರ್ಜಿ ಕೊಡದೆ ಗೈರಾದವನ ಹಿಂದಿನ ಸೇವೆಯೆಲ್ಲ ರದ್ದು. ಕೊನೆಯ ಪಲ್ಲಕ್ಕಿಯಿಂದ ನಿವೃತ್ತಿಯವರೆಗೆ ಉಳಿದದ್ದು ಏಳು ತಿಂಗಳು. ಅಷ್ಟಕ್ಕೆ ಪಿಂಚಣಿ ಇಲ್ಲ.

ಅಮಸಿದ್ದಪ್ಪ ಕುರಿ ಮಾರಿ ದಾವೆ ಹಾಕಿದ. ಆರೇಳು ವರ್ಷ ತಾರೀಖಿನ ಮೇಲೆ ತಾರೀಖು ಬಿದ್ದವು. ಅವನ ಹೆಂಡತಿ ರೇಣವ್ವ ಆ ವಯಸ್ಸಿನಲ್ಲಿ ಕಂಡವರ ಹೊಲಕ್ಕೆ ಕಳೆ ತೆಗೆಯಲು ಹೋದಳು. ಕೊನೆಗೆ ವಕೀಲರೇ ಒಂದು ದಾರಿ ಹೇಳಿಕೊಟ್ಟರು: ಹೆಬ್ಬೆಟ್ಟೆಲ್ಲ ನನ್ನವೇ, ಕಾರಕೂನ ತಪ್ಪಾಗಿ ಬರೆದಿದ್ದಾನೆ ಎಂದುಬಿಡು. ನಾನೂ ಒಪ್ಪಿದೆ. ಅಮಸಿದ್ದಪ್ಪ ಇಬ್ಬರ ಮೇಲೂ ಹರಿಹಾಯ್ದ.

“ಬಿಸಲಾಗ ನಿಂತ ದುಡದಾಂವ ನನ್ನ ತಮ್ಮ. ಅವ ಬಂದೇ ಇಲ್ಲಂತ ಹ್ಯಾಂಗ ಹೇಳ್ಲಿ? ನನ್ನ ನಾಲಿಗಿ ಸೇದಿ ಹೋಗೂದಿಲ್ಲೇನು?”

ಸಾಕ್ಷಿಗೆ ಬಂದ ಸಾಹೇಬರು ಇಸ್ತ್ರಿಯ ಕೋಟು ಹಾಕಿಕೊಂಡು “ನೆನಪಿಲ್ಲ” ಎಂದರು. ಅಲ್ಲೇ ಅವರ ಕೊರಳಪಟ್ಟಿ ಹಿಡಿಯಬೇಕೆನಿಸಿತು. ಆಮೇಲೆ ನನ್ನ ಸರದಿ.

“ರಜೆ ಕೇಳಿದ್ದರೆ ಅವನಿಗೆ ಸಿಗುತ್ತಿತ್ತೇ?” ಎಂದು ನ್ಯಾಯಾಧೀಶರು ಕೇಳಿದರು.

“ಸಿಗುತ್ತಿತ್ತು.”

“ಅದನ್ನು ನೀವು ಅವನಿಗೆ ಹೇಳಿದ್ದಿರಾ?”

ಹೇಳಿರಲಿಲ್ಲ. ಹೇಳಬೇಕೆಂದು ಒಂದು ದಿನವೂ ಹೊಳೆದಿರಲಿಲ್ಲ. ರಜೆ, ಅರ್ಜಿ ಎಲ್ಲ ನಮ್ಮಂಥವರಿಗೆ, ಅವರಿಗೆ ಸಲಿಕೆ ಎಂದುಕೊಂಡೇ ಬಾಳಿದವನು ನಾನು. ಥೂ ನನ್ನ ಜನ್ಮಕ್ಕೆ.

1985ರಲ್ಲಿ ದಾವೆ ವಜಾ ಆಯಿತು. ಅಷ್ಟೊತ್ತಿಗೆ ನಾನೂ ನಿವೃತ್ತನಾಗಿದ್ದೆ. ಕೋರ್ಟಿನ ಕಟ್ಟೆಯ ಮೇಲೆ ನಾವಿಬ್ಬರೇ ನಿಂತಿದ್ದೆವು. ಅಮಸಿದ್ದಪ್ಪ ರುಮಾಲು ಸುತ್ತಿಕೊಳ್ಳುತ್ತ ನನ್ನ ಕಡೆ ತಿರುಗಿದ.

“ಕಾರಕೂನ್ರ, ನೀವು ವರ್ಸಾ ಎಂಟ ದಿನಾ ರಜಾ ಹಾಕಿ ಪಂಢರಪುರಕ್ಕ ಹೋಗ್ತಿದ್ರಿ. ಆವಾಗ ನಿಮ್ಮ ಕೆಲಸಾ ಯಾರ ಮಾಡ್ತಿದ್ರು?”

“ಯಾರೂ ಇಲ್ಲೋ. ಹಂಗ ಬಿದ್ದಿರ್ತಿತ್ತು.”

“ನಿಮಗ ಪಿಂಚಣಿ ಬರ್ತೈತೇನು?”

“ಪೂರ್ತಿ ಬರ್ತದ,” ಎಂದೆ.

“ಕೆಲಸಾ ಬಿಟ್ಟ ಹೋದಾವ್ರಿಗೆ ಪೂರ್ತಿ, ಬಿಡಲಾರದಾವ್ರಿಗೆ ಏನೂ ಇಲ್ಲ,” ಎಂದ. “ಭಾಳ ಚಲೋ ಐತ್ರಿ ನಿಮ್ಮ ಕಾಯ್ದೆ.”