ಫ್ಯಾಸ್ಟಿಡಿಯಸ್ ಸವಿತಾಳೂ ನಮ್ಮೂರ ‘ಏನೋ ಐತೆ’ಯೂ

“ಅತ್ತೆ, ಫ್ಯಾಸ್ಟಿಡಿಯಸ್ ಅಂದ್ರೆ ಬೈಗುಳನಾ, ಹೊಗಳಿಕೆನಾ?”

ಶನಿವಾರ ಸಂಜೆ ಚಪ್ಪಲಿಯನ್ನೂ ಬಿಡದೆ ಬಾಗಿಲಲ್ಲೇ ನಿಂತು ನನ್ನ ಅಣ್ಣನ ಮಗಳು ಸವಿತಾ ಕೇಳಿದ ಪ್ರಶ್ನೆ ಇದು. ಕಾಲೇಜಿನಲ್ಲಿ ಇಷ್ಟು ವರ್ಷ ಇಂಗ್ಲಿಷ್ ಪಾಠ ಮಾಡಿದ್ದೇನೆ. ಒಂದು ಪದದ ಅರ್ಥ ಕೇಳಲು ಯಾರೂ ಕನಕಪುರ ಬಸ್ ಸ್ಟ್ಯಾಂಡಿನಿಂದ ನಮ್ಮ ಮನೆಯವರೆಗೆ ಏದುಸಿರು ಬಿಡುತ್ತಾ ಬಂದದ್ದಿಲ್ಲ. (ಪರೀಕ್ಷೆಯ ಹಿಂದಿನ ದಿನವೂ ಬಂದದ್ದಿಲ್ಲ.) ನನಗೆ ಒಳಗೊಳಗೇ ಖುಷಿಯಾಯಿತು.

ಅವಳ ಮುಖ ನೋಡಿದ ಮೇಲೆ ಆ ಖುಷಿ ಇಳಿಯಿತು. ಹುಡುಗಿ ಅಳುವುದೊಂದು ಬಾಕಿ.

ಸವಿತಾ ಹಾರೋಹಳ್ಳಿಯ ಇಂಡಸ್ಟ್ರಿಯಲ್ ಏರಿಯಾದಲ್ಲಿ ಕೆಲಸಕ್ಕೆ ಹೋಗುತ್ತಾಳೆ. ಔಷಧಿ ಬಾಟಲಿಗಳಿಗೆ ಮುಚ್ಚಳ ಮಾಡುವ ಫ್ಯಾಕ್ಟರಿ. ಇವಳದು ಚೆಕಿಂಗ್. ಮೆಷಿನ್ನಿನಿಂದ ಬಿದ್ದ ಮುಚ್ಚಳಗಳಲ್ಲಿ ಸೀಳಿದ್ದು, ಸೊಟ್ಟಗಿದ್ದು ಆರಿಸಿ ತೆಗೆದು, ಒಳ್ಳೆಯದನ್ನು ಡಬ್ಬಕ್ಕೆ ತುಂಬಿಸಬೇಕು. ದಿನಕ್ಕೆ ಇಷ್ಟು ಡಬ್ಬ ಸೇರಿದರೆ ಒಂದು ಲಾಟ್. ನಮ್ಮ ಮನೆತನದಲ್ಲಿ ಕುತ್ತಿಗೆಗೆ ಫೋಟೊ ಇರುವ ಫ್ಯಾಕ್ಟರಿ ಐಡಿ ಕಾರ್ಡ್ ನೇತುಹಾಕಿಕೊಂಡ ಮೊದಲ ಹೆಣ್ಣುಮಗಳು ಅವಳು. ಆ ಕಾರ್ಡನ್ನು ಮನೆಗೆ ಬಂದ ಮೇಲೂ ಸ್ವಲ್ಪ ಹೊತ್ತು ತೆಗೆಯುವುದಿಲ್ಲ.

“ಯಾರಂದ್ರು? ಯಾಕಂದ್ರು?” ಅಂದೆ.

“ನಮ್ ಕ್ವಾಲಿಟಿ ಮ್ಯಾನೇಜರ್ರು ಅತ್ತೆ. ಎಲ್ಲಾರ ಮುಂದೇನೇ ಅಂದ್ಬುಟ್ರು. ‘ಯು ಆರ್ ಟೂ ಫ್ಯಾಸ್ಟಿಡಿಯಸ್ ಸವಿತಾ, ಸೋಮವಾರ ಮಾತಾಡೋಣ’ ಅಂತ. ಸೋಮ್ವಾರನೇ ನನ್ ಟ್ರಯಲ್ಲು ಮುಗಿಯಾದು.”

ಈಗ ಅರ್ಥವಾಯಿತು. ಟ್ರಯಲ್ ಮುಗಿದ ದಿನ ಒಂದೋ ಪರ್ಮನೆಂಟ್, ಇಲ್ಲವೋ ನಮಸ್ಕಾರ. ನಮಸ್ಕಾರವಾದರೆ ಮನೆಯಲ್ಲಿ ಮದುವೆ ಮಾತು ಶುರು. ಗಂಡು ನೋಡುವುದಕ್ಕೆ ಅಣ್ಣ ಯಾವಾಗಿನಿಂದಲೋ ತುದಿಗಾಲಲ್ಲಿ ನಿಂತಿದ್ದಾನೆ. “ಕೆಲಸ ಗಟ್ಟಿಯಾದರೆ ಎರಡು ವರ್ಷ ನಿನ್ನ ತಂಟೆಗೆ ಬರೋಲ್ಲ” ಎಂದು ಅವನ ಬಾಯಲ್ಲಿ ಹೇಳಿಸಿಟ್ಟಿದ್ದವಳು ನಾನೇ. ಅಷ್ಟರಲ್ಲಿ ಕರೆಸ್ಪಾಂಡೆನ್ಸಿನಲ್ಲಿ ಡಿಗ್ರಿ ಮುಗಿಸುತ್ತೇನೆ ಅನ್ನುವುದು ಸವಿತಾಳ ಲೆಕ್ಕ. ಹೀಗಾಗಿ ಒಂದು ಹುಡುಗಿಯ ಎರಡು ವರ್ಷ ಒಂದು ಇಂಗ್ಲಿಷ್ ವಿಶೇಷಣದ ಮೇಲೆ ನಿಂತಿತ್ತು.

ಕಾಫಿ ಕೊಟ್ಟೆ. ಡಿಕ್ಷನರಿ ತೆಗೆದೆ.

ಫ್ಯಾಸ್ಟಿಡಿಯಸ್ಸಿಗೂ ಫಾಸ್ಟ್‌ಗೂ ಯಾವ ಸಂಬಂಧವೂ ಇಲ್ಲ. ನಿಜ ಹೇಳಬೇಕೆಂದರೆ ಇದು ಬಹಳ ನಿಧಾನದ ಪದ. ಲ್ಯಾಟಿನ್ನಿನಲ್ಲಿ ಇದರ ಬೇರು ‘ಅಸಹ್ಯ’. ಶುರುವಿನಲ್ಲಿ ಯಾರಿಗಾದರೂ ಹೇಸಿಗೆ ತರಿಸುವಂಥದ್ದನ್ನೇ ಫ್ಯಾಸ್ಟಿಡಿಯಸ್ ಅನ್ನುತ್ತಿದ್ದರಂತೆ. ಆಮೇಲೆ ಪದ ಮಗ್ಗುಲು ಬದಲಾಯಿಸಿತು. ಹೇಸಿಗೆ ತರಿಸುವ ವಸ್ತುವನ್ನು ಬಿಟ್ಟು, ಎಲ್ಲದಕ್ಕೂ ಹೇಸಿಕೊಳ್ಳುವ ಮನುಷ್ಯನಿಗೆ ಅಂಟಿಕೊಂಡಿತು. ಮೂಗು ಮುರಿಯುವವರು, ಯಾವುದೂ ಒಪ್ಪದವರು, ಕೂತರೆ ತಪ್ಪು ನಿಂತರೆ ತಪ್ಪು ಅನ್ನುವವರು. ಇನ್ನೂ ಕಾಲ ಕಳೆಯಿತು, ಪದಕ್ಕೆ ವಯಸ್ಸಾಯಿತು, ಸ್ವಲ್ಪ ಮೆತ್ತಗಾಯಿತು. ಈಗ ಅಚ್ಚುಕಟ್ಟಿನವರು, ಚೊಕ್ಕಟದವರು, ಸಣ್ಣ ತಪ್ಪನ್ನೂ ಬಿಡದವರು ಕೂಡ ಫ್ಯಾಸ್ಟಿಡಿಯಸ್ಸೇ.

ಬಟ್ಟೆಯ ವಿಷಯದಲ್ಲಿ ಬಳಸಿದರೆ ಹೊಗಳಿಕೆ. ಊಟದ ವಿಷಯದಲ್ಲಿ ಬಳಸಿದರೆ ಅಡುಗೆ ಮಾಡುವವರನ್ನು ಕೇಳಬೇಕು. (ನಮ್ಮ ಯಜಮಾನರು ದೋಸೆಯ ಅಂಚು ಗರಿಗರಿಯಾಗಿಲ್ಲದಿದ್ದರೆ ತಟ್ಟೆಯನ್ನು ಒಂದಿಷ್ಟು ದೂರ ತಳ್ಳುತ್ತಾರೆ. ಫಸ್ಟ್ ಕ್ಲಾಸ್ ಫ್ಯಾಸ್ಟಿಡಿಯಸ್.) ಲ್ಯಾಬೊರೇಟರಿಯವರಿಗೆ ಇನ್ನೊಂದೇ ಅರ್ಥ. ಕೆಲವು ಬ್ಯಾಕ್ಟೀರಿಯಾಗಳು ಸಿಕ್ಕಿದ್ದನ್ನೆಲ್ಲ ತಿಂದು ಬೆಳೆಯುವುದಿಲ್ಲವಂತೆ. ಅವುಗಳಿಗೆ ಬೇಕಾದ್ದನ್ನೇ ಹೊಂದಿಸಿಕೊಡಬೇಕು, ಇಲ್ಲವಾದರೆ ಬೆಳೆಯದೆ ಸುಮ್ಮನಿದ್ದುಬಿಡುತ್ತವೆ. ಅವಕ್ಕೂ ಇದೇ ವಿಶೇಷಣ.

“ನಮ್ ರೇಷ್ಮೆ ಹುಳದಂಗೆ” ಅಂದಳು ಸವಿತಾ.

ನಿಜ. ಊರಿನ ನಮ್ಮ ಮನೆಯಲ್ಲಿ ಸಾಕುವ ಆ ಹುಳ ಹಿಪ್ಪುನೇರಳೆ ಸೊಪ್ಪು ಬಿಟ್ಟರೆ ಇನ್ನೊಂದು ಮುಟ್ಟುವುದಿಲ್ಲ. ಸೊಪ್ಪು ಒದ್ದೆಯಿದ್ದರೆ ಕಾಯಿಲೆ, ಒಗ್ಗರಣೆಯ ಘಾಟು ತಗುಲಿದರೆ ಕಷ್ಟ, ಬೀಡಿ ಹೊಗೆಯಂತೂ ಬೇಡವೇ ಬೇಡ. ಒಂದು ಪದದ ಬಗ್ಗೆ ಇಷ್ಟು ಚೆಂದದ ಉದಾಹರಣೆ ಹಿತ್ತಲಲ್ಲೇ ಸಿಕ್ಕಿತಲ್ಲ ಎಂದು ನಾನು ಉಬ್ಬಿಹೋದೆ.

ಸವಿತಾ ಉಬ್ಬಲಿಲ್ಲ. ಲೋಟ ಕೆಳಗಿಟ್ಟು ಕೇಳಿದಳು: “ಅದೆಲ್ಲಾ ಸರಿ ಅತ್ತೆ. ಇಷ್ಟರಾಗೆ ನಂದು ಯಾವ್ದು?”

ಡಿಕ್ಷನರಿಯಲ್ಲಿ ಅದೊಂದು ಇರಲಿಲ್ಲ.

‘ಟೂ’ ಅಂದಿದ್ದಾರೆ ಅನ್ನುವುದೇ ನನಗೆ ಕಸಿವಿಸಿ. ಯಾವ ಒಳ್ಳೆಯ ಗುಣದ ಹಿಂದೆ ಬೇಕಾದರೂ ‘ಟೂ’ ಸೇರಿಸಿ ನೋಡಿ. ಟೂ ಆನೆಸ್ಟ್. ಟೂ ಸಾಫ್ಟ್. ಟೂ ಗುಡ್ ಕೂಡ ಒಂದೊಂದು ಸಲ ಒಳ್ಳೆಯದಲ್ಲ. ನಮ್ಮಲ್ಲಿ ‘ಅತಿ’ ಅಂದರೆ ಮುಗಿಯಿತು, ಮುಂದಿನ ಮಾತೇ ಬೇಕಾಗಿಲ್ಲ. ಇದನ್ನು ಅವಳಿಗೆ ಹೇಳುವ ಧೈರ್ಯ ನನಗೆ ಬರಲಿಲ್ಲ. ನಾಳೆ ನಾನೂ ಊರಿಗೆ ಬರುತ್ತೇನೆ ನಡಿ, ಅಂದೆ.

ಭಾನುವಾರ ಊರಿಗೆ ಹೋದರೆ ಮನೆಯಲ್ಲಿ ಯಾರಿಗೂ ನನ್ನನ್ನು ಮಾತಾಡಿಸಲು ಪುರುಸೊತ್ತಿಲ್ಲ. ಹುಳ ಕೊನೆಯ ಹಂತಕ್ಕೆ ಬಂದಿತ್ತು. ಇನ್ನೇನು ಗೂಡು ಕಟ್ಟುವ ಮೊದಲಿನ ಹಸಿವು ಅದು, ಎಷ್ಟು ಸೊಪ್ಪು ಸುರಿದರೂ ಸಾಲದು. ಅವ್ವ, ಅಂದರೆ ಸವಿತಾಳ ಅಜ್ಜಿ, ಹುಳದ ಮನೆಯ ಬಾಗಿಲಲ್ಲೇ ನನ್ನನ್ನು ತಡೆದಳು. ಕಾಲು ತೊಳೆಸಿದಳು. ತಲೆಯಲ್ಲಿದ್ದ ಮಲ್ಲಿಗೆ ದಂಡೆಯನ್ನು ತೆಗೆಸಿ ಹೊರಗಿನ ಗೂಟಕ್ಕೆ ನೇತುಹಾಕಿದಳು. ಆಮೇಲೆ ಒಳಗೆ ಬಿಟ್ಟಳು. ಹೆತ್ತ ಮಗಳಾದರೇನು, ಹುಳಕ್ಕಿಂತ ಹೆಚ್ಚೇ?

ಒಳಗೆ ನೋಡುತ್ತೇನೆ, ತಟ್ಟೆತಟ್ಟೆಯ ತುಂಬಾ ಬೆರಳು ಗಾತ್ರದ ಹುಳಗಳು. ಒಂದು ಸಣಕಲಿಲ್ಲ, ಒಂದು ಸೊರಗಿದ್ದಿಲ್ಲ. ಇಷ್ಟು ಒಳ್ಳೆಯ ಬೆಳೆಯನ್ನು ನಮ್ಮ ಮನೆಯಲ್ಲಿ ನಾನು ಕಂಡು ಬಹಳ ಕಾಲವಾಗಿತ್ತು.

“ಹುಳ ಹೆಂಗವೆ ಅವ್ವಾ?” ಅಂದೆ.

ಅವ್ವ ತಲೆಯೆತ್ತಲಿಲ್ಲ. ಸೊಪ್ಪು ಹಾಕುತ್ತಲೇ ಅಂದಳು: “ಏನೋ ಅವೆ ಕಣವ್ವ.”

ಪಟ್ಟಣದವರಿಗೆ ಇದನ್ನು ಬಿಡಿಸಿ ಹೇಳಬೇಕು. ನಮ್ಮ ಕಡೆ ಹುಳ ಸಾಕುವವರು ಹುಳ ಚೆನ್ನಾಗಿದೆ ಅನ್ನುವುದಿಲ್ಲ. ಬಾಯಿಬಿಟ್ಟು ಅಂದರೆ ದೃಷ್ಟಿ ತಗುಲುತ್ತದೆ. ಬೇರೆಯವರ ಕಣ್ಣಿಗಿಂತ ತಮ್ಮ ಬಾಯಿಯ ಬಗ್ಗೆಯೇ ಹೆಚ್ಚು ಭಯ. ಹುಳ ಕೆಟ್ಟಿದ್ದರೆ ಊರಿಗೆಲ್ಲ ಕೇಳುವ ಹಾಗೆ ಗೋಳಾಡುತ್ತಾರೆ. ಸುಮಾರಾಗಿದ್ದರೆ “ಪರ್ವಾಗಿಲ್ಲ” ಅನ್ನುತ್ತಾರೆ. ಬಂಗಾರದಂತಿದ್ದರೆ ಮಾತ್ರ ಕಣ್ಣು ತಪ್ಪಿಸಿ, ದನಿ ತಗ್ಗಿಸಿ “ಏನೋ ಅವೆ” ಅನ್ನುತ್ತಾರೆ. ನಾನು ಚಿಕ್ಕವಳಿದ್ದಾಗ ಪಕ್ಕದ ಮನೆಯವರು ಜಗಲಿಯಲ್ಲಿ ಕೂತು ಬೆಳೆಯನ್ನು ಹೊಗಳಿಕೊಂಡರಂತೆ. ಆ ವಾರವೇ ಹುಳಕ್ಕೆ ಸಪ್ಪೆ ರೋಗ ಬಂದು ಎಲ್ಲವನ್ನೂ ತಿಪ್ಪೆಗೆ ಸುರಿದರಂತೆ. ಆ ಕತೆ ನಮ್ಮ ಮನೆಯಲ್ಲಿ ಇವತ್ತಿಗೂ ಬಿಸಿಬಿಸಿಯಾಗಿದೆ. (ಸೊಪ್ಪು ಒದ್ದೆಯಿತ್ತೇ ಎಂದು ಯಾರೂ ಕೇಳಿದ ಹಾಗಿಲ್ಲ.)

ಅವ್ವನ ಆ ಮಾತು ಕಿವಿಗೆ ಬಿದ್ದದ್ದೇ ತಡ, ನನಗೆ ಏನೋ ಹೊಳೆಯಿತು. ಸವಿತಾಳನ್ನು ಹೊರಗೆ ಕರೆದೆ.

“ನಿಮ್ ಮ್ಯಾನೇಜರ್ರು ದಿನಾ ಸಂಜೆ ನಿನ್ನ ಏನು ಕೇಳ್ತಾರೆ?”

“ಇವತ್ತಿನ ಲಾಟ್ ಹೇಗಿದೆ ಅಂತಾರೆ.”

“ನೀನೇನಂತೀಯ?”

“ಇನ್ನೇನಂತಾರೆ ಅತ್ತೆ? ಏನೋ ಐತೆ ಸಾ ಅಂತೀನಿ.”

“ಆಗ ಅವ್ರೇನು ಮಾಡ್ತಾರೆ?”

“ನನ್ ಲಾಟ್ ಒಂದ್ನೇ ಪಕ್ಕಕ್ಕಿಟ್ಟು ಮತ್ತೆ ಚೆಕ್ ಮಾಡುಸ್ತಾರೆ. ಏನೂ ಸಿಕ್ಕಾಕಿಲ್ಲ. ಅಷ್ಟೊತ್ತಿಗೆ ಲಾರಿ ಲೇಟಾಗಿರ್ತದೆ. ಪಕ್ಕದ್ ಟೇಬಲ್ಲಿನವ್ಳು ‘ಸೂಪರ್ ಸರ್’ ಅಂತಾಳೆ, ಅವಳ ಲಾಟ್ ಅಂಗೇ ಹೊಂಟೋಯ್ತದೆ. ಅದ್ರಾಗೆ ಸೀಳಿರಾವು ಇದ್ರೂ ಹೊಂಟೋಯ್ತದೆ.”

ಪಾಪ, ಆ ಮ್ಯಾನೇಜರ್ ಏನು ಮಾಡಬೇಕು? ದಿನವೂ ಈ ಹುಡುಗಿ ತನ್ನ ಕೈಯಾರೆ ಆರಿಸಿದ ಮುಚ್ಚಳಗಳ ಬಗ್ಗೆಯೇ ಮುಖ ಚಿಕ್ಕದು ಮಾಡಿಕೊಂಡು ‘ಏನೋ ಐತೆ’ ಅನ್ನುತ್ತಾಳೆ. ಎಷ್ಟು ಒಳ್ಳೆಯ ಮಾಲು ಕೊಟ್ಟರೂ ಇವಳಿಗೆ ತೃಪ್ತಿಯಿಲ್ಲ ಅಂದುಕೊಂಡಿದ್ದಾನೆ. ಯಾವುದೂ ಒಪ್ಪದವಳು. ಡಿಕ್ಷನರಿಯ ನಡುವಿನ ಅರ್ಥ.

“ನಾಳೆ ಚೆನ್ನಾಗಿದೆ ಸರ್ ಅನ್ನು. ಅಷ್ಟೇ. ಎಲ್ಲ ಸರಿಹೋಗುತ್ತೆ” ಅಂದೆ.

ಸವಿತಾ ನನ್ನನ್ನು ಕೆಟ್ಟ ಮಾತಾಡಿದವಳನ್ನು ನೋಡುವ ಹಾಗೆ ನೋಡಿದಳು. ಒಳಗಿನಿಂದ ಅವ್ವನ ದನಿ ಬಂತು: “ಏನಮ್ಮಿ ಹೇಳ್ಕೊಡ್ತಾ ಇದ್ದೀಯ ಮಗೀಗೆ? ಕೈಯಾಗಿರಾ ಕೆಲ್ಸವ ಚೆಂದಾಗೈತೆ ಅಂತ ಯಾರಾರ ಅಂದಾರಾ? ಅಂದ್ರೆ ಉಳ್ದಾದಾ?”

ನಗಬೇಡಿ. ನಾವೆಲ್ಲ ಸ್ವಲ್ಪ ಹೀಗೆಯೇ. ನಮ್ಮ ಕಾಲೇಜಿನ ಹುಡುಗರನ್ನೇ ನೋಡಿ. ಫ್ಯಾಕ್ಟರಿಗಳವರು ಬಂದು ಇಂಟರ್‌ವ್ಯೂ ಮಾಡುತ್ತಾರೆ. “ಟೆಲ್ ಮಿ ಅಬೌಟ್ ಯುವರ್‌ಸೆಲ್ಫ್” ಅಂದರೆ ನಮ್ಮ ಹುಡುಗರು ಅಪ್ಪನ ಹೆಸರು, ಊರ ಹೆಸರು ಹೇಳಿ ನಿಲ್ಲಿಸುತ್ತಾರೆ. “ನಿನ್ನ ಸ್ಟ್ರೆಂತ್ ಏನಪ್ಪಾ?” ಅಂದರೆ ನೆಲ ನೋಡುತ್ತಾರೆ. ಹತ್ತಾಳಿನ ಕೆಲಸ ಒಬ್ಬನೇ ಮಾಡುವವನು ‘ಏನೋ ಒಸಿ ಬತ್ತದೆ ಸಾ’ ಅನ್ನುತ್ತಾನೆ. ಏನೂ ಬಾರದವನು ಎಕ್ಸಲೆಂಟ್ ಅಂದು ಕೆಲಸ ಗಿಟ್ಟಿಸಿಕೊಂಡು ಹೋಗುತ್ತಾನೆ. ರಾಗಿ ಹೊಲಗಳಿದ್ದ ಕಡೆ ಶೆಡ್ಡುಗಳು ಎದ್ದವು, ಬಸ್ಸುಗಳು ಹೆಚ್ಚಾದವು, ಯೂನಿಫಾರ್ಮ್ ಬಂತು. ತನ್ನನ್ನು ತಾನೇ ಹೊಗಳಿಕೊಳ್ಳುವ ಕಲೆ ಮಾತ್ರ ಇನ್ನೂ ನಮ್ಮ ಕಡೆಯ ಬಸ್ಸು ಹತ್ತಿಲ್ಲ. ನನಗೆ ಇದರಿಂದ ಸಿಟ್ಟೂ ಬರುತ್ತದೆ, ಯಾಕೋ ಒಂದು ಥರ ಹೆಮ್ಮೆಯೂ ಆಗುತ್ತದೆ.

ಆ ಭಾನುವಾರ ಮಧ್ಯಾಹ್ನವೆಲ್ಲ ಪ್ರಾಕ್ಟೀಸ್ ಮಾಡಿಸಿದೆ. ನಾನೇ ಮ್ಯಾನೇಜರ್.

“ಇವತ್ತಿನ ಲಾಟ್ ಹೇಗಿದೆ?”

“ಏನೋ...”

“ಏನೋ ಇಲ್ಲ!”

“ಚೆ... ಚೆನ್ನಾಗಿ...” ಅನ್ನುವಷ್ಟರಲ್ಲಿ ಅವಳು ಹುಳದ ಮನೆಯ ಕಡೆ ತಿರುಗಿ ನೋಡಿದಳು. ಕೊನೆಗೆ ಕಣ್ಣು ಮುಚ್ಚಿಕೊಂಡು, ಕಹಿ ಔಷಧಿ ನುಂಗಿದ ಹಾಗೆ, ಪೂರ್ತಿ ಹೇಳಿದಳು. ಸಂಜೆ ಬಸ್ಸು ಹತ್ತುವಾಗ ನನಗೇ ಭಯವಾಗಿತ್ತು. ಹೇಳದಿದ್ದರೆ ಕೆಲಸ ಹೋಗುತ್ತದೆ. ಹೇಳಿದ ಮೇಲೆ ಅಕಸ್ಮಾತ್ ಹೋದರೆ? ಅವ್ವ ಜನ್ಮಪೂರ್ತಿ ನನ್ನನ್ನು ಬಿಟ್ಟಾಳೇ?

ಕೆಲಸ ಮುಗಿಸಿ ನೇರ ನನ್ನ ಹತ್ತಿರವೇ ಬಾ ಎಂದಿದ್ದೆ; ಸೋಮವಾರ ಸಂಜೆ ನಮ್ಮ ಮನೆಯ ಗೇಟಿನಲ್ಲೇ ಕಾದು ನಿಂತಿದ್ದೆ. ಏನು ನಡೆಯಿತು ಎಂದು ಆಮೇಲೆ ಅವಳು ಹೇಳಿದ್ದನ್ನು ಹಾಗೆಯೇ ಹೇಳುತ್ತೇನೆ.

ಮ್ಯಾನೇಜರ್ ಬಂದು ಕೇಳಿದ. ಸವಿತಾ ಒಂದೇ ಉಸಿರಿಗೆ “ಚೆನ್ನಾಗೈತೆ ಸಾ” ಅಂದಳು. ಅಂದವಳೇ ತಡೆಯಲಾರದೆ, ಎರಡೂ ಕೈಯಿಂದ ಆ ಮುಚ್ಚಳದ ಡಬ್ಬಗಳನ್ನು ನೀವಾಳಿಸಿ, ತನ್ನ ಕೆನ್ನೆಗೊತ್ತಿಕೊಂಡು ಲಟಲಟನೆ ನೆಟಿಗೆ ಮುರಿದಳು. ತೊಟ್ಟಿಲ ಮಗುವಿಗೆ ಮುರಿಯುತ್ತಾರಲ್ಲ, ಹಾಗೆ. ಇಡೀ ಸೆಕ್ಷನ್ ಕೆಲಸ ಬಿಟ್ಟು ತಿರುಗಿ ನೋಡಿತು.

“ಏನಮ್ಮಾ ಇದು?” ಅಂದನಂತೆ ಮ್ಯಾನೇಜರ್.

ಇನ್ನು ಮುಚ್ಚಿಟ್ಟು ಏನು ಪ್ರಯೋಜನ? ಸವಿತಾ ಎಲ್ಲ ಹೇಳಿದ್ದಾಳೆ. ಹುಳ, ಅಜ್ಜಿ, ದೃಷ್ಟಿ, ‘ಏನೋ ಐತೆ’. ಅವನು ನಗು ತಡೆದುಕೊಂಡು, “ಇದು ಫ್ಯಾಕ್ಟರಿ ಕಣಮ್ಮ. ಇಲ್ಲೆಲ್ಲಾ ದೃಷ್ಟಿ ಗಿಷ್ಟಿ ಇರುತ್ತಾ?” ಅಂದ.

ಸವಿತಾ ಕಿಟಕಿಯಿಂದಾಚೆ ಕೈ ತೋರಿಸಿದಳು.

“ಮತ್ತೆ ಗೇಟಿಗೆ ಬೂದ್ಗುಂಬಳಕಾಯಿ ಯಾಕ್ ಕಟ್ಟೀರಾ ಸಾ?”

ಕೋರೆಹಲ್ಲು, ಕೆಂಪು ನಾಲಗೆ ಬರೆದ ದೊಡ್ಡ ಕುಂಬಳಕಾಯಿ. ಹೊಸ ಮೆಷಿನ್ ಬಂದಾಗ ಈ ಮ್ಯಾನೇಜರನೇ ಮುಂದೆ ನಿಂತು ಕಟ್ಟಿಸಿದ್ದಂತೆ. ಅವನು ಅದನ್ನು ನೋಡಿದ. ಸವಿತಾಳನ್ನು ನೋಡಿದ. ಹಿಂದಿನ ತಿಂಗಳುಗಳಲ್ಲಿ ಅವಳ ಲಾಟ್‌ಗಳಲ್ಲಿ ಒಂದೇ ಒಂದು ತಪ್ಪೂ ಸಿಕ್ಕಿರಲಿಲ್ಲ ಅನ್ನುವುದು ಆಗಲೇ ನೆನಪಾಯಿತೋ ಏನೋ. ಆಫೀಸಿನೊಳಗೆ ಕರೆದ.

ಇಷ್ಟೆಲ್ಲ ನನಗೆ ಗೊತ್ತಾದದ್ದು ಆಮೇಲೆ. ಅವಳು ಬಸ್ಸಿಳಿದು ರಸ್ತೆಯ ತಿರುವಿನಲ್ಲಿ ಕಂಡಾಗ ನನಗೇನೂ ತಿಳಿಯದು. ಐಡಿ ಕಾರ್ಡ್ ಕುತ್ತಿಗೆಯಲ್ಲಿತ್ತು. ಕೆಲಸ ಉಳಿಯಿತೆಂದು ಹಾಕಿಕೊಂಡಿದ್ದಾಳೋ, ಹಿಂದಿರುಗಿಸಲು ಮರೆತಿದ್ದಾಳೋ? ಪಕ್ಕದ ಮನೆಯ ಆಂಟಿ ಕಾಂಪೌಂಡಿನ ಮೇಲೆ ಮೊಣಕೈ ಊರಿ ನಿಂತಿದ್ದರು. ಎದುರುಮನೆಯವರು ರಂಗೋಲಿ ಡಬ್ಬಿ ಹಿಡಿದುಕೊಂಡು ಸುಮ್ಮನೆ ನಿಂತಿದ್ದರು. ನನಗೆ ಅದೆಲ್ಲ ಯಾವ ಲೆಕ್ಕ?

“ಏನಾಯ್ತೇ?” ಎಂದು ಕೂಗಿಯೇಬಿಟ್ಟೆ.

ಸವಿತಾ ಆಂಟಿಯನ್ನು ನೋಡಿದಳು. ಎದುರುಮನೆಯವರನ್ನು ನೋಡಿದಳು. ಕಣ್ಣು ತಗ್ಗಿಸಿದಳು, ದನಿಯನ್ನೂ ತಗ್ಗಿಸಿದಳು.

“ಏನೋ ಆಯ್ತು ಕಣತ್ತೆ.”

ನಾನು ಒಳಗೆ ಕರೆದುಕೊಂಡು ಹೋಗಿ, ಬಾಗಿಲು ಹಾಕಿ, ಅವಳನ್ನು ಅಪ್ಪಿಕೊಂಡು ಅತ್ತುಬಿಟ್ಟೆ.

ಅಂದ ಹಾಗೆ, ಈ ವಾರದ ಅಂಕಣ ಹೇಗಿದೆ ಎಂದು ಯಾರಾದರೂ ಕೇಳಿದರೆ ಏನು ಹೇಳಬೇಕು ಎಂದು ನಿಮಗೆ ನಾನು ಬೇರೆ ಹೇಳಿಕೊಡಬೇಕೇ?