ಜರಡಿಯಿಂದ ಸೋರಿಹೋದ ಹುಳುಗಳು

ತೆಲಂಗಾಣ ರಾಜ್ಯವಾದ ಮೊದಲ ವರ್ಷಗಳು. ಹೈದರಾಬಾದಿನ ಉಪ್ಪಲ್‌ನ ಒಂದು ಕೇಂದ್ರ ಸರ್ಕಾರಿ ಪ್ರಯೋಗಾಲಯದಲ್ಲಿ ನಾನು ಹಿರಿಯ ಪ್ರಾಣಿಶಾಸ್ತ್ರಜ್ಞೆ. ನಿವೃತ್ತಿಗೆ ಎರಡು ವರ್ಷ ಬಾಕಿ. ನನ್ನ ವಿಷಯ ಪಾಲಿಕೀಟ್, ಅಂದರೆ ಸಮುದ್ರದ ಬಿರುಗೂದಲ ಹುಳುಗಳು. "ಹೈದರಾಬಾದಿನ್ಯಾಗ ಸಮುದ್ರ ಎಲ್ಲೈತಿ ಯವ್ವಾ?" ಎಂದು ನಮ್ಮತ್ತೆ ಕೊನೆಯವರೆಗೂ ನಗುತ್ತಿದ್ದರು. ಸಮುದ್ರ ನಮಗೆ ಬಾಟಲಿಗಳಲ್ಲಿ ಬರುತ್ತಿತ್ತು.

ಎರೆಹುಳುವಿನ ಈ ಬಂಧುಗಳಿಗೆ ಮೈತುಂಬ ಉಂಗುರಗಳು. ಹೆಚ್ಚುಕಡಿಮೆ ಪ್ರತಿ ಉಂಗುರದ ಇಕ್ಕೆಲದಲ್ಲೂ ಬಿರುಗೂದಲಿನ ಕುಚ್ಚು. ಹಳೆಯ ವರ್ಗೀಕರಣದಲ್ಲಿ ಎರಡು ಗುಂಪು: ಕಣ್ಣು, ದವಡೆ ಇಟ್ಟುಕೊಂಡು ತಿರುಗಾಡುವ ಎರಾಂಶಿಯ; ಬಿಲ, ಕೊಳವೆಗಳಲ್ಲಿ ಕೂತೇ ಬಾಳುವ ಸೆಡೆಂಟೇರಿಯ. ಎರಡನೆಯ ಗುಂಪಿನ ಕ್ಯಾಪಿಟೆಲ್ಲ ಕೆಂಪಗೆ, ದಾರದಷ್ಟು ತೆಳ್ಳಗೆ ಇರುತ್ತದೆ. ಬೇರೆ ಜೀವಗಳಿಗೆ ಉಸಿರುಗಟ್ಟುವ ಕೊಳಕು ಕೆಸರಿನಲ್ಲಿ ಅದು ಗಿಜಿಗುಡುತ್ತದೆ. ಕೆಸರು ಕೆಟ್ಟಿದೆಯೇ ಎಂದು ನಾವು ಅದನ್ನು ನೋಡಿ ಹೇಳುತ್ತೇವೆ.

ಆಂಧ್ರ ಕರಾವಳಿಯ ಒಂದು ಹಿನ್ನೀರಿಗೆ ಕಾರ್ಖಾನೆ ಕೊಳಚೆ ಬಿಡುತ್ತಿದೆ, ಕಪ್ಪೆಚಿಪ್ಪುಗಳು ಸಾಯುತ್ತಿವೆ ಎಂದು ಚಿಪ್ಪು ಹೆಕ್ಕಿ ಬದುಕುವ ಹೆಂಗಸರು ಮಾಲಿನ್ಯ ನಿಯಂತ್ರಣ ಮಂಡಳಿಗೆ ದೂರು ಕೊಟ್ಟಿದ್ದರು. ಮಂಡಳಿ ಕೇಳಿದ ಪರೀಕ್ಷೆಗೆ ನಾನೇ ಹೋದೆ. ಕೆಸರನ್ನು ಅರ್ಧ ಮಿಲಿಮೀಟರ್ ಕಣ್ಣಿನ ಜರಡಿಯಲ್ಲಿ ತೊಳೆಯಬೇಕು. ಅದರ ಕಣ್ಣು ಮತ್ತೆ ಮತ್ತೆ ಕಟ್ಟಿಕೊಂಡಿತು. ಸುಡು ಬಿಸಿಲು ಬೇರೆ. ಒಂದು ಮಿಲಿಮೀಟರಿನದನ್ನು ಕೈಗೆತ್ತಿಕೊಂಡೆ. ಮೂವತ್ತು ವರ್ಷದ ಅನುಭವದ ಸೊಕ್ಕು, ಮತ್ತೇನಲ್ಲ! ಮೇಲೆ ಉಳಿದ ಮೂರು ಜಾತಿಯ ದಪ್ಪ ಹುಳುಗಳನ್ನು ನೋಡಿ 'ಸ್ಥಿತಿ ತೃಪ್ತಿಕರ' ಎಂದು ಬರೆದು ಸಹಿ ಹಾಕಿದೆ.

ವರದಿ ಹೋದ ವಾರಕ್ಕೆ ಆ ಹೆಂಗಸರ ಮುಂದಾಳು ಪೋಲಮ್ಮ ಫೋನ್ ಮಾಡಿದರು. ಅಂದು ನನ್ನ ಜರಡಿಗೆ ನೀರು ಹೊಯ್ದವರು ಅವರೇ. ತೆಲುಗಿನಲ್ಲಿ ಒಂದೇ ಮಾತು ಕೇಳಿದರು: "ಮೇಡಂ, ಜರಡಿ ಮೇಲಿದ್ದದ್ದು ಬರೆದಿರಿ. ಕೆಳಗೆ ಸೋರಿಹೋದ ಕೆಂಪು ದಾರಗಳನ್ನು ಯಾರು ಬರೆಯಬೇಕು?"

ಫೋನ್ ಇಟ್ಟು ಕಪಾಟು ತೆರೆದೆ. ಕೆಡದಂತೆ ಫಾರ್ಮಲಿನ್ ಹಾಕಿ ತೊಳೆಯದೆ ಇಟ್ಟಿದ್ದ ಕೆಸರಿನ ಒಂದು ಡಬ್ಬಿ ಉಳಿದಿತ್ತು. ಅರ್ಧ ಮಿಲಿಮೀಟರಿನ ಜರಡಿಯಲ್ಲಿ ತೊಳೆದೆ. ದಾರದಂಥ ಹುಳುಗಳನ್ನು ಮುನ್ನೂರರವರೆಗೆ ಎಣಿಸಿ ನಿಲ್ಲಿಸಿದೆ. ಸೂಕ್ಷ್ಮದರ್ಶಕದಲ್ಲಿ ಮುಸುಕು ಹೊದ್ದ ಕೊಕ್ಕೆಯಂಥ ಬಿರುಗೂದಲು ಕಂಡವು. ಕ್ಯಾಪಿಟೆಲ್ಲ, ಸಂಶಯವೇ ಇರಲಿಲ್ಲ.

ನಮ್ಮ ನಿರ್ದೇಶಕರು ಧಾರವಾಡದ ಕಡೆಯವರು. ವರದಿ ಹಿಂದಕ್ಕೆ ಪಡೆಯುತ್ತೇನೆ ಎಂದಾಗ ತಲೆ ಹಿಡಿದುಕೊಂಡು ಕೂತರು.

"ಬಾಯಾರ, ಸಹಿ ಮಾಡಿದ ರಿಪೋರ್ಟ್ ವಾಪಸ್ ತಗೊಂಡ್ರ ಆಫೀಸಿನ ಮಾನ ಹೋಗ್ತೈತಿ. ಪೆನ್ಷನ್ ಬಾಗಲಕ್ಕ ಬಂದೈತಿ, ಸುಮ್ನ ಕೂಡ್ರಿ."

"ತಪ್ಪು ನಂದ್ರೀ ಸರ, ಮಾನಾನೂ ನಂದ ಹೋಗಲಿ. ಆ ಹೆಣ್ಣುಮಕ್ಕಳ ಹೊಟ್ಟಿ ಮ್ಯಾಲ ಯಾಕ ಹೊಡೀಬೇಕು?"

"ಮೆಮೋ ಕೊಡಬೇಕಾಗ್ತೈತಿ ನೋಡ್ರಿ."

"ಕೊಡ್ರಿ. ಫ್ರೇಮ್ ಹಾಕಸ್ತೀನಿ!"

ಮಂಡಳಿಯ ವಿಚಾರಣೆಯ ದಿನ ಎದ್ದು ನಿಂತು ನನ್ನ ತಪ್ಪನ್ನು ನಾನೇ ಓದಿದೆ. ಕಾರ್ಖಾನೆಯ ವಕೀಲರು ನಕ್ಕು, "ಹಾಗಾದರೆ ನಿಮಗೆ ಕೆಲಸ ಬರುವುದಿಲ್ಲ ಎಂದು ಒಪ್ಪಿದಿರಿ?" ಎಂದರು. "ಆ ದಿನ ಕೆಟ್ಟದಾಗಿ ಮಾಡಿದೆ. ಬನ್ನಿ, ನಿಮ್ಮ ಕಣ್ಣೆದುರೇ ಸರಿಯಾಗಿ ಮಾಡುತ್ತೇನೆ" ಎಂದೆ. ಮಂಡಳಿ ಒಪ್ಪಿತು. ಮರುಪರೀಕ್ಷೆಯಾಯಿತು. ಕೊಳಚೆಯ ಕೊಳವೆ ಮುಚ್ಚಲು ಆದೇಶವಾಯಿತು.

ನನಗೆ ಮೆಮೋ ಬಂತು, ಬರಬೇಕಿದ್ದ ಬಡ್ತಿ ತಪ್ಪಿತು. ಅದಕ್ಕಾಗಿ ಒಂದು ದಿನವೂ ಅತ್ತಿಲ್ಲ. ಸಹಿ ಹಾಕುವ ಕೈಗೆ, ತಪ್ಪಾದಾಗ ಅದನ್ನು ಹೊಡೆದುಹಾಕುವ ಎದೆಗಾರಿಕೆಯೂ ಬೇಕು. ಇಲ್ಲದವರು ಪೆನ್ನು ಮುಟ್ಟಬೇಡಿ.