ವಾಸನೆ ಹೋಗದಿರಲೆಂದು

ರಕ್ತ ಕಡಿಮೆಯಾಗಿದೆ, ಬೀಟ್‌ರೂಟ್ ತಿನ್ನಿ ಎಂದು ಡಾಕ್ಟರು ಹೇಳಿದರು. ಹೇಳಿದ ಮೇಲೆ ಮುಗಿಯಿತು. ಬೆಳಿಗ್ಗೆ ಏಳಕ್ಕೆ ಒಂದು ಗಡ್ಡೆ ತುರಿಯುವುದು ನನ್ನ ದಿನಚರಿಗೆ ಸೇರಿತು. ಮೊದಲ ದಿನ ಸಿಪ್ಪೆ ತೆಗೆದು ತುರಿಮಣೆಯ ಮೇಲೆ ಎರಡು ಸಲ ಎಳೆದಿದ್ದೆನಷ್ಟೆ, ಕೈ ನಿಂತಿತು. ಹಸಿ ಮಣ್ಣಿನ ವಾಸನೆ. ಗಡ್ಡೆಯನ್ನು ಚೆನ್ನಾಗಿಯೇ ತೊಳೆದಿದ್ದೆ. ಮತ್ತೊಮ್ಮೆ ತೊಳೆದೆ. ವಾಸನೆ ಹೊರಗಿರಲಿಲ್ಲ, ಒಳಗೇ ಇತ್ತು.

ರಾಯಚೂರಿನಲ್ಲೇ ಕಾಲೇಜಿನಲ್ಲಿ ರಸಾಯನಶಾಸ್ತ್ರ ಕಲಿಸುವ ನನ್ನ ತಂಗಿಯ ಮಗಳು ಅವತ್ತು ಮನೆಗೆ ಬಂದಿದ್ದಳು. ಅದಕ್ಕೆ ಜಿಯೋಸ್ಮಿನ್ ಅನ್ನುತ್ತಾರೆ ದೊಡ್ಡಮ್ಮ, ಎಂದಳು. ಮಣ್ಣಿನಲ್ಲಿರುವ, ಕಣ್ಣಿಗೆ ಕಾಣದ ಜೀವಿಗಳು ಅದನ್ನು ಮಾಡುತ್ತವಂತೆ. ಮೊದಲ ಮಳೆಗೆ ನೆಲದಿಂದ ಏಳುವುದು ಅದೇ, ಬೀಟ್‌ರೂಟಿನಲ್ಲಿರುವುದೂ ಅದೇ. ಬೇಸಿಗೆಯಲ್ಲಿ ನಿಂತ ನೀರಿನಲ್ಲಿ ಪಾಚಿಯಂಥದ್ದು ಬೆಳೆದರೆ ಆ ನೀರಿಗೂ ಮಣ್ಣಿನ ವಾಸನೆ ಹತ್ತುತ್ತದಂತೆ. ಅದರ ಸುಳಿವಿದ್ದರೆ ಸಾಕು, ಮನುಷ್ಯನ ಮೂಗು ಹಿಡಿದುಬಿಡುತ್ತದೆ. ಆದರೆ ಅದರಿಂದ ಯಾರಿಗೂ ಏನೂ ಆಗುವುದಿಲ್ಲ ಎಂದಳು. ನಿಂತ ನೀರು ಎಂದಾಗಲೇ ನಾನು ತುರಿಮಣೆ ಕೆಳಗಿಟ್ಟಿದ್ದೆ.

ಒಲೆಯ ಯವ್ವ...

ಎಪ್ಪತ್ತರ ದಶಕದ ಕೊನೆಯ ವರ್ಷಗಳು. ನಾನು ದೇವದುರ್ಗದ ಕೂಲಿ ಮಾಡುವವರ ಮನೆಯ ಮಗಳು. ರಾಯಚೂರಿನ ಹಾಸ್ಟೆಲಿನಲ್ಲಿ ಗಂಟೆ ಹೊಡೆದಾಗ ಎದ್ದು, ಗಂಟೆ ಹೊಡೆದಾಗ ಉಂಡು, ಗಂಟೆ ಹೊಡೆದಾಗ ದೀಪ ಆರಿಸಿ ಬೆಳೆದವಳು. ಟೀಚರ್ ಕೆಲಸ ಸಿಕ್ಕಿ ಮಾನ್ವಿ ತಾಲೂಕಿನ ಒಂದು ಊರಿಗೆ ಹೋದೆ. ಊರಿನ ಹೆಸರು ಇಲ್ಲಿ ಬೇಡ. ಕುಡಿಯಲು ಊರಿಗೆಲ್ಲ ಇದ್ದದ್ದು ಒಂದೇ ಕೆರೆ. ಕಾಲುವೆಗೆ ನೀರು ಬಿಟ್ಟಾಗ ಅದು ತುಂಬುತ್ತಿತ್ತು, ಬಿಸಿಲು ಬಲಿತಂತೆ ಇಳಿಯುತ್ತಿತ್ತು. ಕಾಲುವೆಯ ನೀರು ಬಂದು ಬೀಳುವ ಕಡೆ ಕಲ್ಲಿನ ಮೆಟ್ಟಿಲುಗಳಿದ್ದವು, ಊರವರು ಅಲ್ಲಿ ಕೊಡ ತುಂಬುತ್ತಿದ್ದರು. ನಮ್ಮ ಕೇರಿಯವರಿಗೆ ಇನ್ನೊಂದು ತುದಿಯಲ್ಲಿ, ಜಾಲಿಗಿಡಗಳ ಕೆಳಗೆ ಒಂದು ಕೆಸರು ಮೂಲೆ. ಟೀಚರ್ ಆದ ಮಾತ್ರಕ್ಕೆ ನನ್ನ ಕೊಡಕ್ಕೆ ಮೆಟ್ಟಿಲು ಸಿಗಲಿಲ್ಲ. ದಿನಾ ಬೆಳಿಗ್ಗೆ ನಾನು ಮೂಲೆಗೇ ಹೋಗುತ್ತಿದ್ದೆ.

ಯವ್ವನ ಗುಡಿಸಲು ನನ್ನ ಬಾಡಿಗೆ ಕೋಣೆಗೆ ಒತ್ತಿಕೊಂಡಿತ್ತು. ವಯಸ್ಸಾದವಳು, ಒಬ್ಬಳೇ. ಎಷ್ಟೋ ವರ್ಷಗಳ ಹಿಂದೆ ಗದ್ವಾಲದ ಕಡೆಯಿಂದ ಬಂದವಳಂತೆ. ಕೆರೆಯ ಅಂಚಿನ ಹೂಳು ಹೊತ್ತು ತಂದು, ಹೊಟ್ಟು ಸಗಣಿ ಬೆರೆಸಿ ತುಳಿದು, ಒಲೆ ಮಾಡಿ ಮಾರುತ್ತಿದ್ದಳು. ತುಳಿಯುವಾಗ ತೆಲುಗಿನಲ್ಲಿ ಏನೋ ಗೊಣಗಿಕೊಳ್ಳುತ್ತಿದ್ದಳು. ಅವಳ ಕೈ, ಅವಳ ಸೀರೆ, ಅವಳು ಕೊಟ್ಟ ರೊಟ್ಟಿ, ಎಲ್ಲಕ್ಕೂ ಹಸಿ ಮಣ್ಣಿನ ವಾಸನೆ. ನನ್ನ ಅಲಾರಾಂ ಗಡಿಯಾರವನ್ನು ಕಂಡರೆ ಅವಳಿಗೆ ಆಗುತ್ತಿರಲಿಲ್ಲ.

"ನಿನ್ನ ಗಡಿಯಾರ ಕೋಳಿಗಿಂತ ಮೊದ್ಲ ಕೂಗ್ತದಲ್ಲಬೇ," ಅನ್ನುತ್ತಿದ್ದಳು. "ಒಂದಿನ ಕೊಯ್ದು ಸಾರು ಮಾಡ್ತೀನಿ ನೋಡು."

ಅನ್ನುತ್ತಿದ್ದಳೇ ಹೊರತು, ಅಲಾರಾಂ ಹೊಡೆದ ಮೇಲೂ ನನ್ನ ಬಾಗಿಲು ತೆರೆಯದಿದ್ದರೆ ಗೋಡೆ ಬಡಿದು ಎಬ್ಬಿಸುವವಳು ಅವಳೇ.

ಆ ವರ್ಷ ಏಪ್ರಿಲ್ಲಿನಲ್ಲಿ ಕೆರೆ ತಳ ಹಿಡಿಯಿತು. ನೀರಿನ ಮೇಲೆ ನೀಲಿ ಹಸಿರು ಪೊರೆ ಕಟ್ಟಿತು. ಮೊದಲು ನೀರಿಗೆ ಮಣ್ಣಿನ ವಾಸನೆ ಬಂತು, ಆಮೇಲೆ ಬೇಳೆಗೆ, ಆಮೇಲೆ ಚಹಾಕ್ಕೆ. ಬಟ್ಟೆಯಲ್ಲಿ ಸೋಸಿದರೂ ಹೋಗಲಿಲ್ಲ, ಕಾಯಿಸಿದರೂ ಹೋಗಲಿಲ್ಲ. ಅದೇ ವಾರ ಮೇಲಿನ ಓಣಿಯ ಒಂದು ಮಗುವಿಗೆ ವಾಂತಿ ಹತ್ತಿಕೊಂಡಿತು. ಅದರ ತಾಯಿ ಕೆಲ ದಿನಗಳ ಹಿಂದೆ ಯವ್ವನಿಂದ ಒಲೆ ಕೊಂಡಿದ್ದಳು. ಒಲೆಯ ಬಾಯಿ ಸಣ್ಣದಾಯಿತೆಂದು ಇಬ್ಬರಿಗೂ ಮಾತಿಗೆ ಮಾತು ಬೆಳೆದು, ಯವ್ವ ಏನೋ ತೆಲುಗಿನಲ್ಲಿ ಬೈದು ಹೋಗಿದ್ದಳು. ನೀರು ಮೂಸಿ ನೋಡಿದ ತಾಯಿಗೆ ಥಟ್ಟನೆ ಹೊಳೆಯಿತು. ಇದು ಆ ಮುದುಕಿಯ ಕೈ ವಾಸನೆ.

ಸಂಜೆಯೊಳಗೆ ಊರೆಲ್ಲ ಅದೇ ಮಾತು. ಮುದುಕಿ ಸುಡುಗಾಡಿನ ಮಣ್ಣು ಮಂತ್ರಿಸಿ ಕೆರೆಗೆ ಹಾಕಿದ್ದಾಳೆ. ಬಾನಾಮತಿ.

ಆ ಶಬ್ದ ನಮ್ಮ ಸೀಮೆಯಲ್ಲಿ ಆಗ ಎಷ್ಟು ಭಾರವಾಗಿತ್ತೆಂದು ಈಗಿನವರಿಗೆ ತಿಳಿಸುವುದು ಕಷ್ಟ. ಬಾನಾಮತಿ ಮಾಡಿದಳೆಂದು ಹೆಸರು ಬಿದ್ದವಳ ಹಲ್ಲು ಕೀಳುತ್ತಿದ್ದರು. ಹಲ್ಲಿಲ್ಲದ ಬಾಯಲ್ಲಿ ಮಂತ್ರ ನಿಲ್ಲುವುದಿಲ್ಲವೆಂದು ನಂಬಿಕೆ. ಮರುದಿನ ಹೊಳೆಯ ಕಡೆಯಿಂದ ಒಬ್ಬ ಮಂತ್ರಗಾರನನ್ನು ಕರೆಸಿದರು. ಅವನು ಕೆಂಪು ಬಟ್ಟೆಯ ಗಂಟೊಂದನ್ನು ಊರ ನಡುವಿನ ಕಟ್ಟೆಯ ಮೇಲೆ ಇಟ್ಟು, ಬಿಚ್ಚಿ ತೋರಿಸಿ, ಮತ್ತೆ ಕಟ್ಟಿದ. ಒಳಗಿದ್ದದ್ದು ಇಕ್ಕಳ.

ಊರ ಗೌಡರು ಪೂರಾ ಕೆಟ್ಟವರಲ್ಲ. ಸಾಕ್ಷಿ ಇಲ್ಲದೆ ಬೇಡ ಎಂದು ತಡೆದರು. ಅವರೇ ಒಂದು ಪರೀಕ್ಷೆ ಹೇಳಿದರು. ಮೂರು ದಿನ ಮುದುಕಿಯನ್ನು ಕೆರೆಯ ಹತ್ತಿರ ಬಿಡದೆ ಕೂಡಿಹಾಕುವುದು. ಅಷ್ಟರೊಳಗೆ ನೀರಿನ ವಾಸನೆ ಹೋದರೆ ಅದು ಅವಳದೇ ಕೆಲಸ, ಹೋಗದಿದ್ದರೆ ಅವಳದಲ್ಲ. ಎಲ್ಲರೂ ಒಪ್ಪಿದರು. ನನಗೂ ಜೀವ ಬಂದಂತಾಯಿತು. ನಮ್ಮ ಶಾಲೆಯ ಹಿಂದಿನ ಕೋಣೆಗೆ ಅವಳನ್ನು ಹಾಕಿ ಬೀಗ ಜಡಿದು, ಬಾಗಿಲಿಗೆ ತಳವಾರನನ್ನು ಕೂರಿಸಿದರು.

ಅವತ್ತೇ ಮಧ್ಯಾಹ್ನ ಕಾಲುವೆ ನೋಡಿಕೊಳ್ಳುವ ಲಸ್ಕರ್ ಸೈಕಲ್ ತುಳಿಯುತ್ತ ಬಂದು ಸಂತೋಷದ ಸುದ್ದಿ ಎಂಬಂತೆ ಹೇಳಿದ. ಕೆರೆಗಳಿಗೆಂದು ಕಾಲುವೆಗೆ ನೀರು ಬಿಟ್ಟಿದ್ದಾರೆ, ನಾಡಿದ್ದರೊಳಗೆ ಬರುತ್ತದೆ.

ಜನ ಹಿಗ್ಗಿದರು. ನಾನು ಬೆರಳಲ್ಲಿ ದಿನ ಎಣಿಸಿದೆ. ಹೊಸ ನೀರು ಬಂದರೆ ವಾಸನೆ ಹೋಗಿಯೇ ಹೋಗುತ್ತದೆ. ಗೌಡರ ಮನೆಯ ಮುಂದೆ ನಿಂತು ಹೇಳಿದೆ, ಅಂಗಳದ ಹೊರಗೆ ನಿಂತೇ ಹೇಳಬೇಕಿತ್ತು, ಇದು ಪರೀಕ್ಷೆ ಅಲ್ಲ, ನೀರು ಬಂದು ನಿಲ್ಲುವ ತನಕ ದಿನ ಮುಂದೆ ಹಾಕಿ ಎಂದು. ಗೌಡರು ಯೋಚಿಸಿದರು. ಮಂತ್ರಗಾರ ನಕ್ಕ.

"ಗಂಗವ್ವ ತಾನs ಬಂದು ತೊಳದ್ರ ಅದೂ ಸಾಕ್ಷೀನ ಅಲ್ಲೇನ್ರಿ? ನಿಮ್ಮ ಪಾಠ ಸಾಲ್ಯಾಗ ಇರ್ಲಿ, ಟೀಚರಮ್ಮ."

ಸುತ್ತಲಿದ್ದವರೂ ನಕ್ಕರು. ಮಾನ್ವಿಗೆ ಹೋಗಿ ಪೊಲೀಸರನ್ನು ಕರೆತರೋಣವೆಂದರೆ ಇದ್ದೊಂದು ಬಸ್ಸು ಕೆಟ್ಟು ನಿಂತಿತ್ತು. ನಡೆದು ಹೋಗಬಹುದಿತ್ತು, ತಿರುಗಿ ಬರುವಷ್ಟರಲ್ಲಿ ಇಲ್ಲಿ ಏನಾಗಿರುತ್ತದೋ ಎಂದು ಕಾಲು ಏಳಲಿಲ್ಲ.

ಹೀಗೆ ಶುರುವಾದವು ಆ ದಿನಗಳು. ಊರೆಲ್ಲ ನೀರಿನ ವಾಸನೆ ಹೋಗಲೆಂದು ದೇವರಿಗೆ ಕಾಯಿ ಒಡೆಯುತ್ತಿತ್ತು. ನಾನೊಬ್ಬಳು ಅದು ಹೋಗದಿರಲೆಂದು ಬೇಡುತ್ತಿದ್ದೆ. ಅಲಾರಾಂ ಹೊಡೆಯುವ ಮೊದಲೇ ಎದ್ದು, ಮೂಲೆಗೆ ಹೋಗಿ ಕೊಡ ಮುಳುಗಿಸಿ, ಮುಖ ತಗ್ಗಿಸಿ ಮೂಸುತ್ತಿದ್ದೆ. ಆ ಕೆಟ್ಟ ವಾಸನೆ ಮೂಗಿಗೆ ಬಡಿದರೆ ಉಸಿರು ನಿರಾಳವಾಗುತ್ತಿತ್ತು. ಶಾಲೆಯ ಹಿಂದಿನ ಕಿಟಕಿಗೆ ಹೋಗುತ್ತಿದ್ದೆ. ಸರಳಿನ ಹಿಂದೆ ಅವಳ ಮುಖ.

"ವಾಸನಿ ಅದ ಏನಬೇ?"

"ಅದ, ಯವ್ವಾ."

ಮೊದಲ ದಿನ ಅವಳಿಗೆ ಸಿಟ್ಟಿತ್ತು. ಹಸಿ ಒಲೆಗಳು ಬಿಸಿಲಿಗೆ ಬಿರಿಯುತ್ತವೆ, ನೆರಳಿಗೆ ಸರಿಸು ಎಂದು ನನಗೆ ಕೆಲಸ ಹೇಳಿದಳು. ಗಡಿಯಾರ ಕೂಗಿತೇ ಎಂದೂ ಕೇಳಿದಳು. ಎರಡನೆಯ ದಿನ ಸಿಟ್ಟು ಇರಲಿಲ್ಲ. ಸುಮ್ಮನೆ ಕೂತು ತನ್ನ ಅಂಗೈಯನ್ನು ಮೂಗಿನ ಹತ್ತಿರ ಹಿಡಿದುಕೊಂಡಿದ್ದಳು. ನನ್ನನ್ನು ಕಂಡು ಆ ಕೈಯನ್ನು ಸರಳಿನಿಂದ ಹೊರಗೆ ಚಾಚಿದಳು.

"ಮೂಸಿ ನೋಡು, ಮಗಳಾ. ಅದೇ ಅಲ್ಲೇನು?"

ಮೂಸಿದೆ. ಅದೇ.

"ಹೂಳು ತೆಗಿಯಾಕ ನಾನs ಕೆದಕಿದ್ದು. ಏನರ ಎದ್ದಿರಬೇಕು ಅದರಾಗಿಂದ. ಆ ಕೂಸು ಸಾಯಾಕತ್ತದಂತ... ಒಪ್ಕೊಂಡು ಬಿಡ್ತೀನಿ. ಹಲ್ಲು ಹೆಂಗೂ ನಾಕs ಉಳದಾವ."

ಅವಳು ನಗಿಸಲು ನೋಡುತ್ತಿದ್ದಳು. ಅವರು ಹೊರಿಸಿದ ತಪ್ಪನ್ನು ಅವಳು ತನ್ನದೇ ಎಂದು ನಂಬತೊಡಗಿದ್ದಳು. ಆ ಕೋಣೆಯಲ್ಲಿ ಇನ್ನೊಂದು ದಿನ ಕೂತರೆ ಮಂತ್ರ ಹಾಕಿದ್ದೂ ನಿಜವೆಂದಾಳು.

"ನಾಕೂ ನಿನ್ನವs ಯವ್ವಾ," ಎಂದೆ. "ನಾ ಬರೂತನಕ ಬಾಯಿ ಬಿಡಬ್ಯಾಡ."

ಅವಳು ಕೈಯನ್ನು ಒಳಗೆಳೆದುಕೊಂಡು ಮತ್ತೆ ಮೂಗಿನ ಹತ್ತಿರ ಹಿಡಿದಳು.

ಅವತ್ತು ಸಂಜೆ ಕಾಲುವೆಯ ನೀರು ಬಂತು. ಜನ ಕೇಕೆ ಹಾಕಿದ್ದು ನನ್ನ ಕೋಣೆಗೆ ಕೇಳಿಸಿತು. ಮೂರನೆಯ ದಿನ ಬೆಳಿಗ್ಗೆ ಮೆಟ್ಟಿಲ ಕಡೆಯಿಂದ ಬರುತ್ತಿದ್ದ ಹೆಂಗಸರ ಮುಖ ನೋಡಿದಾಗಲೇ ತಿಳಿಯಿತು. ಸ್ವಚ್ಛ ನೀರು. ವಾಸನೆಯೇ ಇಲ್ಲ. ಹೊತ್ತು ಏರುವ ಮೊದಲೇ ಕಟ್ಟೆಯ ಸುತ್ತ ಜನ ಕೂಡಿದರು. ಕೆಂಪು ಗಂಟು ಬಿಚ್ಚಿತ್ತು.

ನಾನು ಏನು ಮಾಡಬೇಕೆಂದು ಗೊತ್ತಿಲ್ಲದೆ, ಗೊತ್ತಿದ್ದದ್ದನ್ನೇ ಮಾಡಿದೆ. ಕೊಡ ತೆಗೆದುಕೊಂಡು ಮೂಲೆಗೆ ಹೋದೆ. ದಿನಾ ಹೋಗುವ ಹೊತ್ತು ಅದು. ಕೊಡ ಮುಳುಗಿಸಿ, ಅಭ್ಯಾಸದಂತೆ ಮುಖ ತಗ್ಗಿಸಿದೆ... ಮಣ್ಣು. ನಿನ್ನೆಗಿಂತ ಜೋರಾಗಿ. ತಲೆ ಎತ್ತಿ ನೋಡಿದರೆ ಹಸಿರು ಪೊರೆಯೆಲ್ಲ ಹೊಸ ನೀರಿನ ರಭಸಕ್ಕೆ ಬಂದು ಜಾಲಿಗಿಡಗಳ ಕೆಳಗೆ ಸೇರಿಕೊಂಡಿತ್ತು. ಕಾಲುವೆಯ ನೀರು ಕೂಡ ನಮ್ಮ ಮೂಲೆಯ ತನಕ ಬಂದಿರಲಿಲ್ಲ.

ಕೊಡ ಹೊತ್ತು ನೇರ ಕಟ್ಟೆಗೆ ನಡೆದೆ. ಜನ ದಾರಿ ಬಿಟ್ಟದ್ದು ಗೌರವಕ್ಕಲ್ಲ, ಕೊಡ ಮೈಗೆ ತಾಗೀತೆಂದು. ತಳವಾರ ಯವ್ವನನ್ನು ಕರೆತಂದು ಕಲ್ಲಿನ ಮೇಲೆ ಕೂರಿಸಿದ್ದ. ಕೆರೆಯಲ್ಲಿ ವಾಸನೆ ಇನ್ನೂ ಇದೆ, ಬೇಕಾದವರು ನೋಡಿ ಎಂದೆ. ಯಾರೂ ಮುಂದೆ ಬರಲಿಲ್ಲ. ಆ ಮೂಲೆಯ ನೀರು ನಮ್ಮ ನೀರಲ್ಲ ಎಂದು ಮಂತ್ರಗಾರ ಹೇಳಿದ.

"ಕೆರಿ ಒಂದs ಅಲ್ಲೇನ್ರಿ, ಗೌಡ್ರ?" ಎಂದು ಕೇಳಿದೆ.

ಗೌಡರು ಕೆರೆಯ ಕಡೆ ಮುಖ ತಿರುಗಿಸಿದರು. ಅವರ ಕಷ್ಟ ನನಗೆ ಅರ್ಥವಾಯಿತು. ಕೆರೆ ಎರಡು ಎಂದರೆ ಸುಳ್ಳಾಗುತ್ತಿತ್ತು. ಒಂದೇ ಎಂದರೆ, ಇಷ್ಟು ವರ್ಷ ಆ ಮೂಲೆ ಯಾಕೆ ಎಂದು ಕೇಳಿದಂತಾಗುತ್ತಿತ್ತು. ಹೊತ್ತು ಹೋಗುತ್ತಿತ್ತು. ಮಂತ್ರಗಾರ ಇಕ್ಕಳವನ್ನು ಬಟ್ಟೆಯಿಂದ ಒರೆಸುತ್ತಿದ್ದ. ಯವ್ವ ತಲೆ ಎತ್ತಿ ಗೌಡರ ಕಡೆ ನೋಡಿದಳು; ತುಟಿ ಅಲುಗಿತು. ಈಗ ಒಪ್ಪಿಕೊಳ್ಳುತ್ತಾಳೆ ಅಂದುಕೊಂಡೆ.

ಆಗ ಗುಂಪಿನಿಂದ ಆ ಮಗುವಿನ ತಾಯಿ ಹೊರಗೆ ಬಂದಳು. ನಿದ್ದೆಯಿಲ್ಲದೆ ಕಣ್ಣು ಒಳಗೆ ಹೋಗಿದ್ದವು. ಅವಳ ಅತ್ತೆ ಸೆರಗು ಹಿಡಿದು ಎಳೆದರೂ ನಿಲ್ಲಲಿಲ್ಲ. ನನ್ನ ಎದುರಿಗೆ ನಿಂತು, ನನ್ನ ಕೈಯಲ್ಲಿದ್ದ ಕೊಡದ ಬಾಯಿಗೆ ಮುಖ ಹಚ್ಚಿ ದೀರ್ಘವಾಗಿ ಉಸಿರೆಳೆದಳು. ಸೆರಗಿನ ತುದಿ ನೀರಲ್ಲಿ ಬಿದ್ದು ನೆನೆಯಿತು.

"ಅದ," ಎಂದಳು. "ಅದೇ ವಾಸನಿ."

ಅವಳು ಗೌಡರ ಕಡೆ ತಿರುಗಿದಳು.

"ಮುದಿಕಿ ಮೂರು ದಿನ ಒಳಗ ಕುಂತಾಳ, ನೀರು ಇನ್ನಾ ಹಂಗs ಅದ. ನೀವs ಹೇಳಿದ್ದಲ್ಲೇನ್ರಿ ಮಾತು? ಬಿಡ್ರಿ ಆಕೀನ."

ಗೌಡರು ಎದ್ದು ಧೋತರ ಕೊಡವಿದರು. ಆತು, ಬಿಡ್ರಿ ಎಂದು ಯಾರಿಗೂ ಮುಖ ಕೊಡದೆ ಮನೆಗೆ ಹೋದರು. ಗುಂಪು ಕರಗಿತು. ಆ ತಾಯಿಯನ್ನು ಮನೆಯೊಳಗೆ ಬಿಟ್ಟುಕೊಳ್ಳುವ ಮೊದಲು ಅಂಗಳದಲ್ಲಿ ನಿಲ್ಲಿಸಿ ತಲೆಗೆ ನೀರು ಹೊಯ್ದರೆಂದು ಆಮೇಲೆ ಕೇಳಿದೆ. ಮಗು ಉಳಿಯಿತು.

ಯವ್ವನ ಹಲ್ಲುಗಳೂ ಉಳಿದವು. ಉಳಿಯದಿದ್ದದ್ದು ಅವಳ ಒಲೆಗಳು. ಯಾರೂ ಕೊಳ್ಳಲಿಲ್ಲ. ಅವಳ ಒಲೆಯ ಮೇಲೆ ಅಡಿಗೆ ಮಾಡುತ್ತಿದ್ದವರು ಕೂಡ ಅದನ್ನು ಒಡೆದು ಹಿತ್ತಲಿಗೆ ಎಸೆದರು, ಆ ತಾಯಿಯೊಬ್ಬಳನ್ನು ಬಿಟ್ಟು. ಯವ್ವ ಕೆರೆಯ ಕಡೆ ಹೋಗುವುದನ್ನೇ ನಿಲ್ಲಿಸಿದಳು. ಮಾತಾಡುವಾಗ ಕೈಯನ್ನು ಸೆರಗಿನೊಳಗೆ ಇಟ್ಟುಕೊಳ್ಳುತ್ತಿದ್ದಳು. ಮಳೆ ಶುರುವಾಗುವ ಮೊದಲು, ಉಳಿದಿದ್ದ ಹೂಳಿನಲ್ಲಿ ನನಗೊಂದು ಒಲೆ ಮಾಡಿ ಬಾಗಿಲಲ್ಲಿಟ್ಟು, ಪೂರಾ ಒಣಗುವ ತನಕ ಬೆಂಕಿ ಹಾಕಬೇಡ ಎಂದು ಹೇಳಿ, ರಾಯಚೂರಿನ ಬಸ್ಸು ಹತ್ತಿದಳು. ಅಲ್ಲಿ ಯಾರಿದ್ದಾರೆಂದು ಕೇಳಿದ್ದಕ್ಕೆ, ಹೊಟ್ಟೆ ಇದ್ದವರೆಲ್ಲ ಒಲೆ ಹಚ್ಚುತ್ತಾರೆ ಎಂದಳು. ಅವತ್ತಿನಿಂದ ಯಾರೂ ನನ್ನ ಗೋಡೆ ಬಡಿಯಲಿಲ್ಲ.

ಎಂಬತ್ತರ ದಶಕದಲ್ಲಿ ನನಗೂ ರಾಯಚೂರಿಗೆ ವರ್ಗವಾಯಿತು. ತೀನ್ ಕಂದಿಲ್ ಪೇಟೆಯ ಕಡೆ ಹೋದಾಗಲೆಲ್ಲ ಮಣ್ಣಿನ ಒಲೆ ಮಾರುವವರ ಮುಖ ನೋಡುತ್ತಿದ್ದೆ. ಕೆಲವರನ್ನು ಕೇಳಿದೆ ಕೂಡ. ಆಮೇಲೆ ಮನೆಮನೆಗೆ ಗ್ಯಾಸ್ ಬಂತು, ಒಲೆ ಮಾರುವವರೇ ಕಡಿಮೆಯಾದರು. ನಾನು ನೋಡುವುದನ್ನು ಯಾವಾಗ ಬಿಟ್ಟೆನೋ...

ಆ ವಾಸನೆಗೊಂದು ಹೆಸರಿತ್ತು. ಅವತ್ತೇ ನನಗೆ ಅದು ಗೊತ್ತಿದ್ದರೆ ಎಂದು ಯೋಚಿಸುತ್ತೇನೆ. ಆ ಕಟ್ಟೆಯ ಮುಂದೆ ನಿಂತು ಜಿಯೋಸ್ಮಿನ್ ಎಂದಿದ್ದರೆ ಅವರಿಗೆ ಅದು ಇನ್ನೊಂದು ಮಂತ್ರದಂತೆ ಕೇಳಿಸುತ್ತಿತ್ತು, ನನ್ನ ಹಲ್ಲುಗಳ ಲೆಕ್ಕವೂ ಶುರುವಾಗುತ್ತಿತ್ತು. ಆದರೆ ಕಿಟಕಿಯ ಹತ್ತಿರ ಯವ್ವನಿಗೊಬ್ಬಳಿಗೆ ಹೇಳಬಹುದಿತ್ತು. ಅದು ನಿನ್ನ ಕೈಯದಲ್ಲ ಯವ್ವಾ, ಮಣ್ಣಿನದು ಎಂದು. ಅವಳು ಅದನ್ನು ಕೇಳದೆಯೇ ಹೋದಳು.

ತಂಗಿಯ ಮಗಳು ನಿಂಬೆಹಣ್ಣು ಕೊಯ್ದು ತಂದಿದ್ದಳು. ಹುಳಿ ಬಿದ್ದರೆ ಆ ವಾಸನೆ ಮುರಿದುಹೋಗುತ್ತದಂತೆ. ಹಿಂಡಲು ಹೋದವಳ ಕೈ ಹಿಡಿದು, ಇರಲಿ ಬಿಡು ಎಂದೆ.

ಈಗ ದಿನಾ ಏಳಕ್ಕೆ ಬೀಟ್‌ರೂಟ್ ತುರಿಯುತ್ತೇನೆ. ತಿನ್ನುವ ಮೊದಲು ತಟ್ಟೆಗೆ ಮುಖ ತಗ್ಗಿಸಿ ಒಮ್ಮೆ ಮೂಸುತ್ತೇನೆ. ಮನೆಯಲ್ಲಿ ಯಾರೂ ಇರುವುದಿಲ್ಲ, ಕೇಳುವವರೂ ಇಲ್ಲ. ಆದರೂ ಹೇಳುತ್ತೇನೆ.

ಅದ, ಯವ್ವಾ.